ಕೊರೊನಾ ಹೋಯ್ತು, ಡಬ್ಬಿ ಖಾಲಿ ಮಾಡಬೇಡಿ

2020ರ ಯುಗಾದಿ ನೆನಪಿದೆ ಅಲ್ವಾ? ಮಾರ್ಚ್ 25. ಹಿಂದಿನ ರಾತ್ರಿ ಎಂಟು ಗಂಟೆಗೆ ಟಿವಿಯಲ್ಲಿ ಲಾಕ್‌ಡೌನ್ ಅಂದರು, ಒಂಬತ್ತಕ್ಕೆ ಅಂಗಡಿ ಮುಂದೆ ಜಾತ್ರೆ. ಬೇವಿನ ಹೂವು ಸಿಕ್ಕವರಿಗೆ ಮಾವಿನೆಲೆ ಸಿಗಲಿಲ್ಲ. ಎರಡೂ ಸಿಕ್ಕವರ ಮನೆಯಲ್ಲಿ ಹೋಳಿಗೆಗೆ ಬೇಳೆ ಇರಲಿಲ್ಲ. ಆದರೂ ಹಬ್ಬ ಆಯಿತು. ಇದ್ದ ಬೇವಿಗೆ ಇದ್ದ ಬೆಲ್ಲ ಸೇರಿಸಿ ಬಾಯಿಗೆ ಹಾಕಿಕೊಂಡೆವು.

ಆ ಎರಡು ವರ್ಷ ಎಷ್ಟೋ ಮನೆಗಳಿಗೆ ತುಂಬಲಾಗದ ನಷ್ಟ ಆಯಿತು. ಅದನ್ನು ಯಾರೂ ಹಗುರವಾಗಿ ಮಾತಾಡಬಾರದು. ಆದರೆ ಅದೇ ಹೊತ್ತಿನಲ್ಲಿ ನಮ್ಮ ಮನೆಗಳು ಒಂದಿಷ್ಟು ಒಳ್ಳೆಯ ಅಭ್ಯಾಸಗಳನ್ನೂ ಕಲಿತವು. ಈಗ ಅವನ್ನು ಒಂದೊಂದಾಗಿ ಕೈಬಿಡುತ್ತಿರುವುದು ನೋಡಿದರೆ ನನಗೆ ಸಂಕಟ ಆಗುತ್ತದೆ. ಹೆದರಿ ಕಲಿತದ್ದನ್ನು ಹೆದರಿಕೆ ಇಲ್ಲದೆ ಇನ್ನೂ ಚೆನ್ನಾಗಿ ಮಾಡಬಹುದಲ್ಲ!

ಮೊದಲು ಅಡುಗೆಮನೆ. ಹತ್ತು ನಿಮಿಷದಲ್ಲಿ ಸಾಮಾನು ಬಾಗಿಲಿಗೆ ಬರುತ್ತದೆ, ಡಬ್ಬಿ ತುಂಬಿಸಿ ಏನು ಮಾಡುತ್ತೀರಿ ಅಂತ ಮಕ್ಕಳು ಕೇಳುತ್ತಾರೆ. ಜೋರು ಮಳೆ ಹಿಡಿದ ದಿನ, ಮನೆಮಂದಿಗೆಲ್ಲ ಜ್ವರ ಬಂದ ದಿನ, ಫೋನ್ ನೋಡುವ ಶಕ್ತಿಯೂ ಇರುವುದಿಲ್ಲ. ಹದಿನೈದು ದಿನಕ್ಕೆ ಆಗುವಷ್ಟು ಅಕ್ಕಿ, ಬೇಳೆ, ರವೆ, ಬೆಲ್ಲ, ಉಪ್ಪು, ಎಣ್ಣೆ ಇರಲಿ. ಅದಕ್ಕಿಂತ ಜಾಸ್ತಿ ಬೇಡ. ನಾವು ಗೋಣಿಗಟ್ಟಲೆ ತಂದಿಟ್ಟುಕೊಂಡರೆ ಹಿಂದೆ ನಿಂತವರಿಗೆ ಸಿಗುವುದಿಲ್ಲ. ಹೊಸದು ತಂದಾಗ ಹಳೆಯದನ್ನು ಮುಂದೆ ಇಡಿ, ಹೊಸದನ್ನು ಹಿಂದೆ ಸರಿಸಿ. ಅಕ್ಕಿಗೆ ನೆರಳಲ್ಲಿ ಒಣಗಿಸಿದ ಬೇವಿನೆಲೆ, ನಾಲ್ಕು ಒಣಮೆಣಸಿನಕಾಯಿ ಹಾಕಿ. ತೊಗರಿಬೇಳೆಗೆ ಕಿಲೋಗೆ ಒಂದು ಚಮಚ ಹರಳೆಣ್ಣೆ ಸವರಿ ಇಟ್ಟರೆ ಹುಳ ಹತ್ತಿರ ಬರುವುದು ಕಮ್ಮಿ. ಬೇಯಿಸುವ ಮುಂಚೆ ಚೆನ್ನಾಗಿ ತೊಳೆದರೆ ಸಾಕು. ರವೆಯನ್ನು ತಂದ ದಿನವೇ ಬಿಸಿಯಾಗುವಷ್ಟು ಹುರಿದು, ಪೂರ್ತಿ ಆರಿದ ಮೇಲೆ ಡಬ್ಬಿಗೆ ತುಂಬಿ. ಹಸಿಮೆಣಸಿನಕಾಯಿಯ ತೊಟ್ಟು ಬಿಡಿಸಿ ಇಡಿ. ಕೊತ್ತಂಬರಿ ಸೊಪ್ಪನ್ನು ತೊಳೆಯದೆ, ಬೇರು ಕತ್ತರಿಸಿ, ಒಣ ಬಟ್ಟೆಯಲ್ಲಿ ಸುತ್ತಿ ಫ್ರಿಜ್‌ನಲ್ಲಿಟ್ಟರೆ ವಾರ ಕಳೆಯುತ್ತದೆ.

ತರಕಾರಿ ಗಾಡಿ ಬಾರದ ದಿನಗಳಲ್ಲಿ ಎಷ್ಟು ಅಡುಗೆ ನೆನಪಾದವು ನೋಡಿ! ಹುರುಳಿಕಾಳಿನ ಬಸ್ಸಾರು, ಮೊಳಕೆ ಬಂದ ಹೆಸರುಕಾಳಿನ ಉಸಲಿ, ಮೆಂತ್ಯದ ತಂಬುಳಿ, ಕುಂಡದ ದೊಡ್ಡಪತ್ರೆ ಕಿತ್ತು ಮಾಡಿದ ತಂಬುಳಿ. ತರಕಾರಿ ಇಲ್ಲ ಅಂತ ಊಟ ಸೊರಗಲಿಲ್ಲ. ವಾರದಲ್ಲಿ ಒಂದು ದಿನ ಈಗಲೂ ಹಾಗೆ ಅಡುಗೆ ಮಾಡಿ. ಖರ್ಚು ಉಳಿಯುತ್ತದೆ, ಮಕ್ಕಳಿಗೆ ಕಾಳಿನ ರುಚಿ ಹತ್ತುತ್ತದೆ.

ಲಾಕ್‌ಡೌನ್ ಬಂದದ್ದು ಸರಿಯಾಗಿ ಸಂಡಿಗೆ ಕಾಲಕ್ಕೆ. ಎಂದೂ ತಾರಸಿ ಹತ್ತದವರೆಲ್ಲ ಹತ್ತಿದರು. ಆಚೆ ಮನೆ, ಈಚೆ ಮನೆ ತಾರಸಿಯಿಂದಲೇ ಮಾತುಕತೆ, ಕೋಲು ಹಿಡಿದು ಕಾಗೆ ಓಡಿಸುವ ಡ್ಯೂಟಿ ಮಕ್ಕಳಿಗೆ. ನನ್ನ ಕೇಳಿದರೆ ಆ ಬೇಸಿಗೆಯ ಬಲು ಚೆಂದದ ನೋಟ ಅದು. ಸಬ್ಬಕ್ಕಿ ಸಂಡಿಗೆ ಕಲಿಯಲು ಬಹಳ ಸುಲಭ. ಒಂದು ಲೋಟ ಸಬ್ಬಕ್ಕಿಯನ್ನು ರಾತ್ರಿ ನೆನೆಹಾಕಿ. ಬೆಳಿಗ್ಗೆ ನಾಲ್ಕೈದು ಲೋಟ ನೀರು ಕುದಿಯಲು ಬಿಟ್ಟು ಅದರಲ್ಲಿ ಹಾಕಿ, ಸಣ್ಣ ಉರಿಯಲ್ಲಿ ಕೈಯಾಡಿಸುತ್ತಾ ಇರಿ. ಕಾಳು ಗಾಜಿನ ಹಾಗೆ ತಿಳಿಯಾಗಿ, ಗಂಜಿ ಸೌಟಿನಿಂದ ನಿಧಾನಕ್ಕೆ ಜಾರುವ ಹದಕ್ಕೆ ಬಂದಾಗ ಇಳಿಸಿ. ಜೀರಿಗೆ, ಅರೆದ ಹಸಿಮೆಣಸಿನಕಾಯಿ, ಉಪ್ಪು ಬೆರೆಸಿ. ಉಪ್ಪು ಬಾಯಿಗೆ ಸ್ವಲ್ಪ ಕಮ್ಮಿ ಅನ್ನಿಸಬೇಕು. ನೀರು ಆರಿದ ಮೇಲೆ ಸರಿಹೋಗುತ್ತದೆ. ಬಿಸಿಲು ಏರುವ ಮುಂಚೆಯೇ ಪ್ಲಾಸ್ಟಿಕ್ ಹಾಳೆಯ ಮೇಲೆ ಚಮಚದಲ್ಲಿ ಇಟ್ಟುಬಿಡಿ. ಮಾರನೆಯ ದಿನ ಮಗುಚಿ ಹಾಕಿ. ಮುರಿದರೆ ಪಟ್ ಅಂತ ಸದ್ದು ಬರಬೇಕು, ಅಲ್ಲಿವರೆಗೆ ಡಬ್ಬಿಗೆ ಹಾಕಬೇಡಿ. ಒಳಗೆ ಚೂರು ಪಸೆ ಉಳಿದರೂ ಮಳೆಗಾಲದಲ್ಲಿ ಬೂಷ್ಟು ಹಿಡಿಯುತ್ತದೆ.

ಇನ್ನು ಕೈ ತೊಳೆಯುವುದು. ಹಿಂದೆ ಅಂಗಳದಲ್ಲೇ ನೀರಿನ ಬಕೆಟ್ ಇಟ್ಟು, ಕೈಕಾಲು ತೊಳೆದೇ ಒಳಗೆ ಬಾ ಅನ್ನುತ್ತಿದ್ದರು. ಆಗ ಗೊಣಗಿದವರೆಲ್ಲ 2020ರಲ್ಲಿ ಸೋಪು ಹಿಡಿದು ಇಪ್ಪತ್ತು ಸೆಕೆಂಡ್ ಎಣಿಸಿದರು! ಈ ವೈರಸ್ಸಿನ ಮೈಮೇಲೆ ಕೊಬ್ಬಿನ ಪದರ ಇರುತ್ತದೆ, ಸೋಪು ಅದನ್ನು ಒಡೆಯುತ್ತದೆ. ಅದಕ್ಕೆ ದುಬಾರಿ ಸೋಪೇ ಬೇಕು ಅಂತಿಲ್ಲ. ಹೆಬ್ಬೆರಳು, ಉಗುರಿನ ಸಂದು, ಬೆರಳಿನ ಸಂದು ಬಿಡಬೇಡಿ. ಸ್ಯಾನಿಟೈಸರ್ ಕೊಳ್ಳುವಾಗ ಆಲ್ಕೋಹಾಲ್ ಶೇ. 60ಕ್ಕಿಂತ ಕಮ್ಮಿ ಇರದ ಹಾಗೆ ನೋಡಿ. ಅದನ್ನು ಅಡುಗೆಮನೆಯಲ್ಲಿ ಮಾತ್ರ ಇಡಲೇಬೇಡಿ. ಹಚ್ಚಿದ ಕೈ ಒಣಗುವ ಮುಂಚೆ ಒಲೆ ಹೊತ್ತಿಸಿದರೆ ಬೆಂಕಿ ಹಿಡಿಯುತ್ತದೆ. ಆಗ ಕೆಲವರು ತರಕಾರಿಗೂ ಸೋಪು ಹಾಕಿ ತೊಳೆದರು. ಅದು ಬೇಡ. ಹರಿಯುವ ನೀರಿನಲ್ಲಿ ಉಜ್ಜಿ ತೊಳೆದರೆ ಆಯಿತು.

ಯಾರಿಗಾದರೂ ಹುಷಾರಿಲ್ಲದಾಗ ಏನು ಮಾಡಬೇಕು ಅನ್ನುವುದನ್ನು ನಾವು ಕಷ್ಟಪಟ್ಟು ಕಲಿತಿದ್ದೇವೆ. 2021ರ ಏಪ್ರಿಲ್, ಮೇ ಎಂಥ ತಿಂಗಳುಗಳು ಅಂತ ನಿಮಗೇ ಗೊತ್ತು. ಕಿಟಕಿ ಇರುವ ಕೋಣೆ ಬಿಟ್ಟುಕೊಡಿ, ಕಿಟಕಿ ತೆರೆದಿಡಿ. ಎದುರುಬದುರು ಕಿಟಕಿ ಇದ್ದರೆ ಎರಡನ್ನೂ ತೆರೆಯಿರಿ, ಗಾಳಿ ಆಡಲಿ. ಮನೆಯಲ್ಲಿ ಥರ್ಮಾಮೀಟರ್, ರಕ್ತದಲ್ಲಿನ ಆಮ್ಲಜನಕ ಅಳೆಯುವ ಆಕ್ಸಿಮೀಟರ್ ಇರಲಿ. ಆಕ್ಸಿಮೀಟರ್ ಬೆರಳಿಗೆ ಹಾಕುವ ಮುಂಚೆ ಐದು ನಿಮಿಷ ಸುಮ್ನೆ ಕೂರಿಸಿ. ಕೈ ತಣ್ಣಗಿದ್ದರೆ ಉಜ್ಜಿ ಬಿಸಿ ಮಾಡಿ, ಉಗುರುಬಣ್ಣ ಒರೆಸಿ. ಅಂಕಿ 94ಕ್ಕಿಂತ ಕೆಳಗೆ ಇಳಿದರೆ ಬೆಳಗಾಗಲಿ ಅಂತ ಕಾಯಬೇಡಿ, ತಕ್ಷಣ ಡಾಕ್ಟರಿಗೆ ಫೋನ್ ಮಾಡಿ. ಬಳಸದಾಗ ಬ್ಯಾಟರಿ ತೆಗೆದಿಡಿ, ಇಲ್ಲದಿದ್ದರೆ ಸೋರಿ ಯಂತ್ರ ಕೆಡುತ್ತದೆ. ಮೆಣಸು, ಜೀರಿಗೆ, ಧನಿಯದ ಕಷಾಯ ಗಂಟಲಿಗೆ ಹಿತ. ದಿನಕ್ಕೆ ಒಂದೆರಡು ಸಣ್ಣ ಲೋಟ ಸಾಕು, ಜಾಸ್ತಿ ಆದರೆ ಹೊಟ್ಟೆ ಉರಿಯುತ್ತದೆ. ಅದು ಔಷಧಿಯ ಬದಲಿಗಲ್ಲ. ಹಬೆ ತೆಗೆದುಕೊಂಡರೆ ಮೂಗು ಬಿಡುತ್ತದೆ, ವೈರಸ್ ಸಾಯುವುದಿಲ್ಲ. ಚಿಕ್ಕ ಮಕ್ಕಳನ್ನು ಕುದಿನೀರಿನ ಪಾತ್ರೆಯ ಹತ್ತಿರ ಕೂರಿಸಲೇಬಾರದು.

ಮಲಗಿದವರು ಯಾವ ಮಾತ್ರೆ ನುಂಗುತ್ತಾರೆ, ಯಾವ ಔಷಧಿ ಆಗಿಬರುವುದಿಲ್ಲ, ರಕ್ತದ ಗುಂಪು ಯಾವುದು, ಇದೆಲ್ಲ ಒಂದು ಹಾಳೆಯಲ್ಲಿ ಬರೆದು ವಿಮೆ ಕಾಗದದ ಜೊತೆ ಒಂದೇ ಫೈಲಿನಲ್ಲಿಡಿ. ಫೈಲ್ ಎಲ್ಲಿದೆ ಅಂತ ಮನೆಯಲ್ಲಿ ಎಲ್ಲರಿಗೂ ಗೊತ್ತಿರಲಿ.

ಫೋನಿನಲ್ಲಿ ದುಡ್ಡು ಕಳಿಸುವುದನ್ನು ನನ್ನ ವಯಸ್ಸಿನವರು ಎಷ್ಟೋ ಜನ ಆಗಲೇ ಕಲಿತದ್ದು. ವಿಡಿಯೋ ಕಾಲ್‌ನಲ್ಲಿ ಅಮೆರಿಕದ ಮೊಮ್ಮಗುವಿನ ನಾಮಕರಣ ನೋಡಿದೆವು, ಮದುವೆಗೆ ಮನೆಯಿಂದಲೇ ಅಕ್ಷತೆ ಹಾಕಿದೆವು. ಬಹಳ ಸಂತೋಷ. ಒಂದು ಮಾತು ಗಟ್ಟಿಯಾಗಿ ನೆನಪಿಡಿ: ಪಿನ್ ಒತ್ತುವುದು ದುಡ್ಡು ಕೊಡುವಾಗ ಮಾತ್ರ. ನಿಮಗೆ ದುಡ್ಡು ಬರುತ್ತದೆ, ಪಿನ್ ಒತ್ತಿ ಅಂತ ಯಾರಾದರೂ ಹೇಳಿದರೆ ಫೋನ್ ಇಟ್ಟುಬಿಡಿ.

ಆ ದಿನಗಳಲ್ಲಿ ಗಂಡಸರು, ಹುಡುಗರು ಅಡುಗೆಮನೆಗೆ ಬಂದರು. ಶುರುವಿಗೆ ಪಾನಿಪುರಿ, ಜಿಲೇಬಿ, ನೊರೆ ಕಡೆದ ಡಲ್ಗೋನಾ ಕಾಫಿ. ಆಮೇಲೆ ಪಾತ್ರೆ ತೊಳೆಯುವ ಸರದಿಯೂ ಬಂತು. ಮನೆಕೆಲಸದವರು ಬರಲಾಗದಿದ್ದ ತಿಂಗಳಲ್ಲಿ ಅವರ ಕೆಲಸ ಎಷ್ಟು ಭಾರ ಅಂತ ಸೊಂಟಕ್ಕೆ ಗೊತ್ತಾಯಿತು. ಬಾರದಿದ್ದರೂ ಸಂಬಳ ಕೊಟ್ಟ ಮನೆಗಳಿದ್ದವು, ಅವರಿಗೆ ನನ್ನ ನಮಸ್ಕಾರ. ಹುಷಾರಿಲ್ಲ ಅಂತ ಅವರು ಇಂದಿಗೂ ರಜೆ ಕೇಳಿದರೆ ಸಂಬಳ ಹಿಡಿಯಬೇಡಿ. ಆ ದಿನ ಪಾತ್ರೆಗಳನ್ನು ಮನೆಯವರೆಲ್ಲ ಹಂಚಿಕೊಳ್ಳಿ. ಹತ್ತು ವರ್ಷದ ಮಗು ಲೋಟ, ತಟ್ಟೆ ತೊಳೆಯಲಿ. ಕುಕ್ಕರ್, ಬಾಣಲೆ ದೊಡ್ಡವರಿಗೆ. ತಳ ಹಿಡಿದಿದ್ದರೆ ನೀರು, ಒಂದು ಚಮಚ ಅಡುಗೆ ಸೋಡ ಹಾಕಿ ಕುದಿಸಿ ಅರ್ಧ ಗಂಟೆ ಬಿಡಿ, ಆಮೇಲೆ ಉಜ್ಜಿದರೆ ಸಲೀಸಾಗಿ ಬರುತ್ತದೆ. ಅಲ್ಯೂಮಿನಿಯಂ ಪಾತ್ರೆಗೆ ಮಾತ್ರ ಸೋಡ ಬೇಡ, ಕಪ್ಪಾಗುತ್ತದೆ.