ಚೋರಿಸ್ ಹಾಕಿದ ಕ್ರಿಯೋಲ್ ಬೇಕ್ಡ್ ಪಾಸ್ತಾ: ಸಾಸ್ ತೆಳ್ಳಗಿರಲಿ

ಓವನ್‌ಗೆ ಇಡುವ ಹೊತ್ತಿಗೆ ಈ ಪಾಸ್ತಾ ನೋಡಿದವರು "ಇದೇನು, ಇಷ್ಟು ನೀರುನೀರಾಗಿದೆ?" ಎಂದು ಕೇಳಬೇಕು. ಕೇಳಲಿಲ್ಲವೆಂದರೆ ಸಾಸ್ ಗಟ್ಟಿಯಾಗಿದೆ ಎಂದೇ ಲೆಕ್ಕ. ಮಜ್ಜಿಗೆಹುಳಿಯ ಹದದಲ್ಲಿ ಒಳಗೆ ಹೋದದ್ದು ಅರ್ಧ ಗಂಟೆಯಲ್ಲಿ ಗೊಜ್ಜಿನ ಹದಕ್ಕೆ ಹೊರಗೆ ಬರುತ್ತದೆ. ಗೊಜ್ಜಿನ ಹದದಲ್ಲೇ ಒಳಗಿಟ್ಟರೆ ಬರುವುದು ಒಣ ಇಟ್ಟಿಗೆ. ಮನೆಯಲ್ಲಿ ಬೇಕ್ಡ್ ಪಾಸ್ತಾ ಕೆಡುವುದು ಮಸಾಲೆಯಿಂದಲ್ಲ, ಬಹುಮಟ್ಟಿಗೆ ಈ ನೀರಿನ ಲೆಕ್ಕದಿಂದ.

ಕ್ರಿಯೋಲ್ ಅಡುಗೆ ಅಮೆರಿಕದ ಲೂಸಿಯಾನಾ ರಾಜ್ಯದ ನ್ಯೂ ಆರ್ಲಿಯನ್ಸ್ ಊರಿನದು. ಫ್ರೆಂಚ್, ಸ್ಪ್ಯಾನಿಷ್, ಆಫ್ರಿಕನ್ ಕೈಗಳು ಕೂಡಿ ಆದದ್ದು. ಪಕ್ಕದ ಕೇಜನ್ ಅಡುಗೆಗೂ ಇದಕ್ಕೂ ಎದ್ದು ಕಾಣುವ ವ್ಯತ್ಯಾಸ ಟೊಮೆಟೊ. ಕ್ರಿಯೋಲ್‌ನಲ್ಲಿ ಅದು ಧಾರಾಳ. ತಳಪಾಯ ಎರಡು. ಒಂದು, ಜಿಡ್ಡಿನಲ್ಲಿ ಮೈದಾ ಹುರಿದ ರೂ. ಇನ್ನೊಂದು, ಈರುಳ್ಳಿ, ದೊಣ್ಣೆಮೆಣಸಿನಕಾಯಿ, ಸೆಲರಿ ದಂಟಿನ ಮೂವರ ಜೋಡಿ. ಅಲ್ಲಿಯವರು ಇದನ್ನು ಹೋಲಿ ಟ್ರಿನಿಟಿ ಅನ್ನುತ್ತಾರೆ. ಅದಕ್ಕೆ ಆಂಡೂಯಿ ಎಂಬ ಹೊಗೆಗೆ ಹಿಡಿದ ಹಂದಿಮಾಂಸದ ಸಾಸೇಜ್ ಮತ್ತು ಸೀಗಡಿ ಸೇರುತ್ತವೆ. ಗೋವಾದಲ್ಲಿ ಇರುವವರಿಗೆ ಆಂಡೂಯಿ ಹುಡುಕುವ ಗೋಜಿಲ್ಲ, ಮಡಗಾಂವ್ ಮಾರುಕಟ್ಟೆಯಲ್ಲಿ ಮಣಿಸರದಂತೆ ತೂಗುಹಾಕಿದ ಚೋರಿಸ್, ಅಂದರೆ ಗೋವಾದ ಹಂದಿಮಾಂಸದ ಸಾಸೇಜ್ ಇದೆ. ರುಚಿ ಒಂದೇ ಅಲ್ಲ. ಚೋರಿಸ್‌ನಲ್ಲಿ ವಿನೆಗರ್ ಹುಳಿ ಇದೆ, ಉಪ್ಪು ಜಾಸ್ತಿ. ಅದನ್ನು ಲೆಕ್ಕಕ್ಕೆ ಹಿಡಿದು ಉಳಿದದ್ದನ್ನು ಹೊಂದಿಸಿಕೊಳ್ಳಬೇಕು.

ನಾಲ್ಕೈದು ಜನಕ್ಕೆ ನನ್ನ ಅಳತೆ ಇದು: ಪೆನ್ನೆ ಪಾಸ್ತಾ 250 ಗ್ರಾಂ, ಚೋರಿಸ್ 150 ಗ್ರಾಂ, ಸಿಪ್ಪೆ ಸಹಿತ ಮಧ್ಯಮ ಗಾತ್ರದ ಸೀಗಡಿ ಅರ್ಧ ಕಿಲೋ, ಈರುಳ್ಳಿ 200 ಗ್ರಾಂ, ಹಸಿರು ದೊಣ್ಣೆಮೆಣಸಿನಕಾಯಿ 100 ಗ್ರಾಂ, ಸೆಲರಿ 100 ಗ್ರಾಂ, ಬೆಳ್ಳುಳ್ಳಿ ಎಂಟು ಎಸಳು, ಟೊಮೆಟೊ 300 ಗ್ರಾಂ, ಮೈದಾ 3 ದೊಡ್ಡ ಚಮಚ, ಎಣ್ಣೆ 3 ದೊಡ್ಡ ಚಮಚ, ಫ್ರೆಶ್ ಕ್ರೀಮ್ 100 ಮಿ.ಲೀ., ಮೊಝರೆಲ್ಲಾ 100 ಗ್ರಾಂ, ಚೆಡ್ಡಾರ್ 50 ಗ್ರಾಂ, ಹಳೆಯ ಪಾವ್ ಎರಡು. ಪಾತ್ರೆ 20 × 28 ಸೆಂ.ಮೀ. ಗಾಜಿನದು, ಆಳ 6 ಸೆಂ.ಮೀ. ಕೊಳ್ಳುವ ಮೊದಲು ನಿಮ್ಮ ಓಟಿಜಿಯ (ಮನೆಬಳಕೆಯ ಸಣ್ಣ ವಿದ್ಯುತ್ ಓವನ್) ಒಳಗಿನ ಅಗಲ ಟೇಪಿನಲ್ಲಿ ಅಳೆದುಕೊಳ್ಳಿ. ಪಾತ್ರೆಯ ಹಿಡಿ ಬಾಗಿಲಿಗೆ ತಾಗುವುದು ಬಹಳ ಸಲ ಗೊತ್ತಾಗುವುದು ಸಾಸ್ ಸುರಿದ ಮೇಲೆಯೇ.

ಪಾಸ್ತಾ ಪೊಟ್ಟಣದ ಹಿಂದೆ ಡ್ಯೂರಮ್ ಗೋಧಿ ಎಂದಿರಬೇಕು. ನಮ್ಮ ಬನ್ಸಿ ರವೆಯ ಜಾತಿಯ ಗಟ್ಟಿ ಗೋಧಿ ಅದು. ಎರಡು ಸಲ ಬೇಯುವುದನ್ನು ತಡೆದುಕೊಳ್ಳುತ್ತದೆ. ಮೈದಾ ಬೆರೆಸಿದ ಅಗ್ಗದ ಪಾಸ್ತಾ ಓವನ್‌ನಲ್ಲಿ ಗಂಜಿಯಾಗುತ್ತದೆ. ಬಣ್ಣಕ್ಕೆ ಪ್ಯಾಪ್ರಿಕಾ ಬೇಕಿಲ್ಲ. ಊರಿಂದ ತಂದ ಬ್ಯಾಡಗಿ ಪುಡಿ 2 ಟೀ ಚಮಚ ಸಾಕು, ಪ್ಯಾಪ್ರಿಕಾ ಮಾಡುವ ಕೆಲಸವೂ ಅದೇ: ಖಾರ ಕಡಿಮೆ, ಕೆಂಪು ಹೆಚ್ಚು. ಅದರ ಜೊತೆ ಕರಿಮೆಣಸು, ಬಿಳಿಮೆಣಸು ತಲಾ ಅರ್ಧ ಟೀ ಚಮಚ, ಒಣ ಒರೆಗಾನೊ 1 ಟೀ ಚಮಚ, ಒಣ ಥೈಮ್ ಅರ್ಧ ಟೀ ಚಮಚ. ಥೈಮ್ ಇಲ್ಲದಿದ್ದರೆ ಬೆರಳ ತುದಿಯಷ್ಟು ಓಮ ಉಜ್ಜಿ ಹಾಕಿ. ಎರಡರ ವಾಸನೆಯ ಮೂಲವೂ ಥೈಮಾಲ್ ಎಂಬ ಒಂದೇ ವಸ್ತು. ಆದರೆ ಓಮದಲ್ಲಿ ಅದು ಜೋರು, ಕಾಲು ಚಮಚ ಬಿದ್ದರೂ ಬಾಣಂತಿ ಮದ್ದಿನ ವಾಸನೆ ಬರುತ್ತದೆ. ಕ್ರಿಯೋಲ್ ಅಡುಗೆ ಪುಸ್ತಕಗಳಲ್ಲಿ ಬೇ ಎಲೆ ಎಂದು ಬರೆದಲ್ಲಿ ಪಲಾವ್ ಎಲೆ ಹಾಕಬೇಡಿ. ಮೂರು ಉದ್ದ ನರಗಳ ನಮ್ಮ ಎಲೆಗೆ ದಾಲ್ಚಿನ್ನಿಯ ವಾಸನೆ, ನಡುವೆ ಒಂದೇ ನರವಿರುವ ಬೇ ಎಲೆ ಬೇರೆಯೇ ಮರದ್ದು. ಸಿಗದಿದ್ದರೆ ಬಿಟ್ಟುಬಿಡಿ, ನಷ್ಟವಿಲ್ಲ. ಸೆಲರಿ ಸಿಗದ ದಿನ ಕೊತ್ತಂಬರಿಯ ದಪ್ಪ ದಂಟು ಸಣ್ಣಗೆ ಹೆಚ್ಚಿ ಹಾಕುತ್ತೇನೆ, ಒಂದೇ ಕುಟುಂಬದ ಗಿಡ.

ಸೀಗಡಿ ಬಿಡಿಸಿ, ಬೆನ್ನಿನ ಕಪ್ಪು ನರ ತೆಗೆದು, ಬಟ್ಟೆಯಲ್ಲಿ ಒತ್ತಿ ನೀರು ಆರಿಸಿ ಫ್ರಿಜ್‌ನಲ್ಲಿಡಿ. ತಲೆ, ಸಿಪ್ಪೆ ಎಸೆಯಬೇಡಿ. ಒಂದು ಚಮಚ ಎಣ್ಣೆಯಲ್ಲಿ ಅವು ಕೆಂಪಗಾಗುವವರೆಗೆ ಹುರಿದು, 600 ಮಿ.ಲೀ. ನೀರು ಹಾಕಿ ಸಣ್ಣ ಉರಿಯಲ್ಲಿ 20 ನಿಮಿಷ ಕುದಿಸಿ ಸೋಸಿದರೆ ಸುಮಾರು 450 ಮಿ.ಲೀ. ರಸ ಸಿಗುತ್ತದೆ. ಗಂಟೆಗಟ್ಟಲೆ ಕುದಿಸಿದರೆ ಕಹಿ ಬರುತ್ತದೆ. ಪಶ್ಚಿಮ ಕರಾವಳಿಯಲ್ಲಿ ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರಿಕ ದೋಣಿಗಳ ಮೀನುಗಾರಿಕೆಗೆ ನಿಷೇಧ. ಆ ಎರಡು ತಿಂಗಳು ಫ್ರೋಜನ್ ಸೀಗಡಿಯೇ ಗತಿ. ಅದನ್ನು ರಾತ್ರಿಯೇ ಜರಡಿಯಲ್ಲಿಟ್ಟು ಫ್ರಿಜ್‌ನಲ್ಲಿ ಕರಗಿಸಿ, ಇಲ್ಲವಾದರೆ ಅದು ಬಿಡುವ ನೀರು ಸಾಸ್‌ನ ಲೆಕ್ಕವನ್ನೇ ಕೆಡಿಸುತ್ತದೆ.

ಚೋರಿಸ್‌ನ ದಾರ ಬಿಚ್ಚಿ, ಮೇಲಿನ ಪೊರೆ ತೆಗೆದು ಒಳಗಿನ ತುಂಡುಗಳನ್ನು ಬಿಡಿಸಿ. ಅದು ಹಸಿ ಮಾಂಸ, ಆಂಡೂಯಿಯಂತೆ ಕೊಯ್ದು ನೇರ ಹುರಿಯುವಂತಿಲ್ಲ. ಅರ್ಧ ಕಪ್ ನೀರು ಹಾಕಿ ಮುಚ್ಚಿ 15 ನಿಮಿಷ ಬೇಯಿಸಿ, ಮುಚ್ಚಳ ತೆಗೆದು ನೀರು ಆರಿಸಿ. ಆಗ ಕೆಂಪು ಜಿಡ್ಡು ಬಿಡುತ್ತದೆ. ಅದನ್ನು ಬಟ್ಟಲಿಗೆ ಬಸಿದಿಡಿ. ಈ ಜಿಡ್ಡಿನಲ್ಲೇ ರೂ ಮಾಡಿದರೆ ರುಚಿ ಹೆಚ್ಚೀತು ಎಂದು ಯಾರಿಗಾದರೂ ತೋಚುತ್ತದೆ. ಮಾಡಬೇಡಿ. ಅದರಲ್ಲಿರುವ ಮೆಣಸಿನ ಕಣಗಳು ರೂ ಹುರಿಯುವ ಕಾಲು ಗಂಟೆಯಲ್ಲಿ ಸುಟ್ಟು ಇಡೀ ಸಾಸ್ ಕಹಿಯಾಗುತ್ತದೆ.

ರೂಗೆ ದಪ್ಪ ತಳದ ಪಾತ್ರೆ, ಶುದ್ಧ ಎಣ್ಣೆ ಅಥವಾ ತುಪ್ಪ. ಬೆಣ್ಣೆ ಬೇಡ, ಅದರ ಹಾಲಿನ ಅಂಶ ಮೈದಾಕ್ಕಿಂತ ಮೊದಲೇ ಸೀಯುತ್ತದೆ. ಎಣ್ಣೆ ಬಿಸಿಯಾದ ಮೇಲೆ ಮೈದಾ ಸುರಿದು, ಮಧ್ಯಮಕ್ಕಿಂತ ಸಣ್ಣ ಉರಿಯಲ್ಲಿ ಚಪ್ಪಟೆ ಮರದ ಸೌಟಿನಿಂದ ತಳ ಕೆರೆಯುತ್ತಲೇ ಇರಬೇಕು. ಕಡಲೆಹಿಟ್ಟಿನ ಉಂಡೆ ಮಾಡಿ ಗೊತ್ತಿರುವವರಿಗೆ ಇದರ ಹದ ಹೇಳಿಕೊಡಬೇಕಿಲ್ಲ. ಮೊದಲು ಗಟ್ಟಿ ಮುದ್ದೆ, ಆಮೇಲೆ ಸಡಿಲಾಗಿ ಹೊಳಪು ಬಂದು ಜಾರತೊಡಗುತ್ತದೆ. 5 ನಿಮಿಷಕ್ಕೆ ಹಸಿ ಹಿಟ್ಟಿನ ವಾಸನೆ ಹೋಗುತ್ತದೆ, 12ರಿಂದ 15 ನಿಮಿಷಕ್ಕೆ ಹುರಿದ ಶೇಂಗಾದ ಬಣ್ಣ, ಶೇಂಗಾದ್ದೇ ಘಮ. ನಾನು ಅಲ್ಲಿಗೆ ನಿಲ್ಲಿಸುತ್ತೇನೆ. ಗಂಬೋ ಎಂಬ ಲೂಸಿಯಾನಾದ ಸಾರು ಮಾಡುವವರು ಚಾಕಲೇಟ್ ಬಣ್ಣದವರೆಗೂ ಹೋಗುತ್ತಾರೆ, ಆದರೆ ಹುರಿದಷ್ಟೂ ಪಿಷ್ಟ ಒಡೆದು ಗಟ್ಟಿ ಮಾಡುವ ಶಕ್ತಿ ಕುಗ್ಗುತ್ತದೆ. ಪಾಸ್ತಾಗೆ ಸಾಸ್ ಅಂಟಿಕೊಳ್ಳಬೇಕಲ್ಲ! ನಡುವೆ ಒಂದೇ ಒಂದು ಕಪ್ಪು ಚುಕ್ಕೆ ಕಂಡರೂ ಚೆಲ್ಲಿ ಹೊಸದಾಗಿ ಶುರುಮಾಡಿ. ಮೂರು ಚಮಚ ಮೈದಾ ಉಳಿಸಲು ಹೋಗಿ ಅರ್ಧ ಕಿಲೋ ಸೀಗಡಿ ಕಳೆದುಕೊಳ್ಳುವುದು ಯಾವ ಜಾಣತನ? ಫೋನ್ ಬಂದರೆ ಒಲೆ ಆರಿಸಿ ಮಾತಾಡಿ.

ಬಣ್ಣ ಬಂದ ಕೂಡಲೇ ಹೆಚ್ಚಿಟ್ಟ ಈರುಳ್ಳಿ, ದೊಣ್ಣೆಮೆಣಸಿನಕಾಯಿ, ಸೆಲರಿ ಮೂರನ್ನೂ ಅದಕ್ಕೇ ಸುರಿಯಬೇಕು. ತರಕಾರಿಯ ನೀರು ತಾಗಿ ರೂ ಇನ್ನಷ್ಟು ಕಪ್ಪಾಗುವುದು ತಪ್ಪುತ್ತದೆ. ಅದಕ್ಕೇ ಎಲ್ಲವನ್ನೂ ಮೊದಲೇ ಹೆಚ್ಚಿಟ್ಟುಕೊಂಡಿರಬೇಕು, ಈ ಹಂತದಲ್ಲಿ ಈಳಿಗೆಮಣೆ ಹುಡುಕಲು ಪುರುಸೊತ್ತಿಲ್ಲ. ಹುಷಾರು, ಆವಿ ಜೋರಾಗಿ ಏಳುತ್ತದೆ. 7-8 ನಿಮಿಷ ಬಾಡಿಸಿ, ಬೆಳ್ಳುಳ್ಳಿ ಮತ್ತು ಮಸಾಲೆಪುಡಿಗಳನ್ನು ಹಾಕಿ ಒಂದು ನಿಮಿಷ ತಿರುಗಿಸಿ. ಅರೆದ ಟೊಮೆಟೊ ಹಾಕಿ ಹಸಿ ವಾಸನೆ ಹೋಗುವವರೆಗೆ, ಸುಮಾರು 8 ನಿಮಿಷ. ಸಿಗಡಿ ರಸವನ್ನು ಬೆಚ್ಚಗಿದ್ದಾಗಲೇ ಮೂರು ಸಲವಾಗಿ ಸುರಿದು ಕಲಸುತ್ತಾ ಹೋದರೆ ಗಂಟಾಗದು. ಚೋರಿಸ್ ಸೇರಿಸಿ 12 ನಿಮಿಷ ಕುದಿಯಲಿ.

ಇಷ್ಟಾಗುವವರೆಗೆ ಉಪ್ಪಿನ ಡಬ್ಬಿ ಮುಟ್ಟಬೇಡಿ. ಚೋರಿಸ್ ಮತ್ತು ಚೀಸ್ ಎರಡರಲ್ಲೂ ಉಪ್ಪಿದೆ, ನನಗೆ ಬಹಳ ಸಲ ಕಾಲು ಚಮಚವೂ ಬೇಕಾಗುವುದಿಲ್ಲ. ಹುಳಿ ಮುಂದೆ ನಿಂತರೆ ಅರ್ಧ ಟೀ ಚಮಚ ಬೆಲ್ಲ ಸಾಕು. ಕ್ರೀಮ್ ಹಾಕುವಾಗ ಒಲೆ ಆರಿಸಿರಬೇಕು. ಟೊಮೆಟೊ ಹುಳಿ, ವಿನೆಗರ್ ಹುಳಿ ಎರಡೂ ಇರುವ ಕುದಿಯುವ ಸಾಸ್‌ಗೆ ತಣ್ಣನೆಯ ಹಾಲು ಬಿದ್ದರೆ ಒಡೆಯುತ್ತದೆ. ಕ್ರೀಮ್‌ನಲ್ಲಿ ಕೊಬ್ಬು ಹೆಚ್ಚು, ರೂನ ಪಿಷ್ಟವೂ ಕಾಯುತ್ತದೆ, ಹಾಗಾಗಿ ಅದು ತಡೆಯುತ್ತದೆ. ಈಗ ಸೌಟಿನಿಂದ ಪಾತ್ರೆಯ ತಳದಲ್ಲಿ ಗೆರೆ ಎಳೆಯಿರಿ. ಗೆರೆ ತಕ್ಷಣ ಮುಚ್ಚಿಕೊಂಡರೆ ಸರಿ. ಮುಚ್ಚಿಕೊಳ್ಳಲು ಹೊತ್ತು ತೆಗೆದುಕೊಂಡರೆ, ಮುಂದೆ ಪಾಸ್ತಾ ಬೇಯಿಸಿದಾಗ ಅದರ ನೀರು ಅರ್ಧ ಕಪ್ ಸೇರಿಸಿ.

ಪಾಸ್ತಾವನ್ನು ಎರಡೂವರೆ ಲೀಟರ್ ನೀರಿಗೆ 1 ದೊಡ್ಡ ಚಮಚ ಉಪ್ಪು ಹಾಕಿ, ಪೊಟ್ಟಣ 11 ನಿಮಿಷ ಎಂದರೆ 7ಕ್ಕೇ ತೆಗೆಯಿರಿ. ಕಚ್ಚಿದರೆ ನಡುವೆ ಬಿಳಿ ಚುಕ್ಕೆ ಕಾಣಬೇಕು. ತಣ್ಣೀರಲ್ಲಿ ತೊಳೆಯುವುದು, ಎಣ್ಣೆ ಸವರುವುದು ಎರಡೂ ಬೇಡ, ಸಾಸ್ ಜಾರಿಹೋಗುತ್ತದೆ. ಬಸಿದ ಬಿಸಿ ಪಾಸ್ತಾವನ್ನು ಬಿಸಿ ಸಾಸ್‌ಗೆ ಸುರಿದು, ಕೊನೆಗೆ ಹಸಿ ಸೀಗಡಿ ಮತ್ತು ಅರ್ಧದಷ್ಟು ಚೀಸ್ ಕಲಸಿ ಪಾತ್ರೆಗೆ ತುಂಬಿ. ಸೀಗಡಿಯನ್ನು ಮೊದಲೇ ಹುರಿದರೆ ಓವನ್‌ನಲ್ಲಿ ರಬ್ಬರ್ ಆಗುತ್ತದೆ. ಮೇಲೆ ಉಳಿದಿರದಂತೆ ಸಾಸ್‌ನೊಳಗೆ ಒತ್ತಿಬಿಡಿ.

ಮೊಝರೆಲ್ಲಾ ಎಳೆ ಬರುವುದಕ್ಕೆ, ಚೆಡ್ಡಾರ್ ರುಚಿಗೆ. ಡಬ್ಬಿಯ ಪ್ರೊಸೆಸ್ಡ್ ಚೀಸ್ ಕರಗುತ್ತದೆ, ಎಳೆ ಮಾತ್ರ ಬರುವುದಿಲ್ಲ. ತುರಿದೇ ಮಾರುವ ಚೀಸ್‌ಗೆ ಅಂಟದಿರಲೆಂದು ಪಿಷ್ಟ ಸವರಿರುತ್ತಾರೆ. ಗಡ್ಡೆ ತಂದು ಮನೆಯಲ್ಲೇ ತುರಿದುಕೊಂಡದ್ದು ನಯವಾಗಿ ಕರಗುತ್ತದೆ. ಉಳಿದರ್ಧ ಚೀಸ್ ಪಾಸ್ತಾದ ಮೇಲೆ ಉದುರಿಸಿ, ಪಾವ್ ಪುಡಿಗೆ ಬಸಿದಿಟ್ಟ ಕೆಂಪು ಜಿಡ್ಡು ಒಂದು ದೊಡ್ಡ ಚಮಚ ಕಲಸಿ ಅದರ ಮೇಲೆ ಹರಡಿ. ಬೆಣ್ಣೆ ಹಾಕಿದ ಪುಡಿಗೆ ಈ ಬಣ್ಣವೂ ಇಲ್ಲ, ಈ ಘಮವೂ ಇಲ್ಲ. ಪೊದೇರ್ (ಗೋವಾದ ಬ್ರೆಡ್ ಮಾರುವವ) ತರುವ ಉಂಡೋ ಎಂಬ ಗರಿಗರಿ ದುಂಡು ಬ್ರೆಡ್ ಹಿಂದಿನ ದಿನದ್ದು ಉಳಿದಿದ್ದರೆ ಅದು ಪಾವ್‌ಗಿಂತ ಒಳ್ಳೆಯದು. ಮಳೆಗಾಲದಲ್ಲಿ ಪುಡಿಯನ್ನು ಮೊದಲು ಒಣ ಬಾಣಲೆಯಲ್ಲಿ ಹುರಿಯಿರಿ, ಗೋವಾದ ಹವೆಗೆ ಅದು ಹತ್ತು ನಿಮಿಷದಲ್ಲಿ ಮೆತ್ತಗಾಗುತ್ತದೆ.

ಓಟಿಜಿಯನ್ನು 190 ಡಿಗ್ರಿಗೆ, ಎರಡೂ ರಾಡ್ ಹಾಕಿ 15 ನಿಮಿಷ ಕಾಯಿಸಿ. ಪಾತ್ರೆಗೆ ಫಾಯಿಲ್ ಮುಚ್ಚಿ ಕೆಳಗಿನ ಹಂತದಲ್ಲಿ 15 ನಿಮಿಷ, ಫಾಯಿಲ್ ತೆಗೆದು ಇನ್ನು 10 ನಿಮಿಷ. ಅಂಚಿನಲ್ಲಿ ಗುಳ್ಳೆ ಏಳಬೇಕು. ಬಣ್ಣ ಸಾಲದಿದ್ದರೆ ಮೇಲಿನ ರಾಡ್ ಮಾತ್ರ 2-3 ನಿಮಿಷ, ಬಾಗಿಲ ಮುಂದೆಯೇ ನಿಂತುಕೊಂಡು. ಸಣ್ಣ ಓಟಿಜಿಗಳಲ್ಲಿ ರಾಡ್ ತೀರಾ ಹತ್ತಿರ, ಒಂದು ನಿಮಿಷದಲ್ಲಿ ಪುಡಿ ಕರಿಯಾಗುತ್ತದೆ. ಫ್ರಿಜ್‌ನಿಂದ ತೆಗೆದ ಗಾಜಿನ ಪಾತ್ರೆಯನ್ನು ನೇರ ಒಳಗಿಡಬೇಡಿ, ಸೀಳುತ್ತದೆ. ಹೊರತೆಗೆದ ಮೇಲೆ 10 ನಿಮಿಷ ಕಾಯಿರಿ. ಆ ಹತ್ತು ನಿಮಿಷದಲ್ಲೇ ಸಾಸ್ ಪಾಸ್ತಾದೊಳಗೆ ಇಳಿದು ಕೊಯ್ದ ತುಂಡು ನಿಲ್ಲುತ್ತದೆ.

ಓವನ್ ಇಲ್ಲದವರು ದಪ್ಪ ಕಡಾಯಿಯೊಳಗೆ ಸ್ಟ್ಯಾಂಡ್ ಇಟ್ಟು, ಮುಚ್ಚಿ 10 ನಿಮಿಷ ಕಾಯಿಸಿ, ಅಲ್ಯೂಮಿನಿಯಂ ಪಾತ್ರೆಯಲ್ಲಿ 25-30 ನಿಮಿಷ ಸಣ್ಣ ಉರಿಯಲ್ಲಿಡಬಹುದು. ಮೇಲ್ಭಾಗ ಕೆಂಪಾಗುವುದಿಲ್ಲ, ಹಾಗಾಗಿ ಪಾವ್ ಪುಡಿ ಬೇರೆ ಹುರಿದು ಬಡಿಸುವಾಗ ಉದುರಿಸಿ.

ಮಾಂಸ ತಿನ್ನದ ಮನೆಗೆ ಚೋರಿಸ್, ಸೀಗಡಿ ಬದಲು ರಾಜ್ಮಾ. ಇದು ಬಲವಂತದ ಜೋಡಿಯಲ್ಲ. ನ್ಯೂ ಆರ್ಲಿಯನ್ಸ್‌ನಲ್ಲಿ ಸೋಮವಾರ ರಾಜ್ಮಾದಂಥ ಕೆಂಪು ಕಾಳು ಮತ್ತು ಅನ್ನ ಮಾಡುವುದು ಹಳೆಯ ರೂಢಿ. 150 ಗ್ರಾಂ ರಾಜ್ಮಾ ರಾತ್ರಿ ನೆನೆಸಿ, ಆ ನೀರು ಚೆಲ್ಲಿ, ಕುಕ್ಕರ್‌ನಲ್ಲಿ ಪೂರ್ತಿ ಮೆತ್ತಗಾಗುವವರೆಗೆ ಬೇಯಿಸಿ. ಬೆಂದ ನೀರು 450 ಮಿ.ಲೀ. ಸೀಗಡಿ ರಸದ ಜಾಗಕ್ಕೆ. ಒಂದು ಹಿಡಿ ಕಾಳು ಮಸೆದು ಹಾಕಿದರೆ ಸಾಸ್ ಮತ್ತಷ್ಟು ಗಟ್ಟಿಯಾಗುವುದರಿಂದ ಮೈದಾ 2 ಚಮಚಕ್ಕೆ ಇಳಿಸಿ. ಚೋರಿಸ್‌ನ ಹುಳಿ ಇಲ್ಲದ್ದಕ್ಕೆ ಕೊನೆಯಲ್ಲಿ ಒಂದು ಟೀ ಚಮಚ ವಿನೆಗರ್, ಜಿಡ್ಡಿನ ಬದಲು ಬ್ಯಾಡಗಿ ಪುಡಿ ಕಲಸಿದ ಬೆಣ್ಣೆ. ಉಪ್ಪು ಈಗ ನೋಡಿಕೊಂಡು ಹಾಕಲೇಬೇಕು.

ಉಳಿದದ್ದನ್ನು ಎರಡು ಗಂಟೆಯೊಳಗೆ ಫ್ರಿಜ್‌ಗೆ ಸೇರಿಸಿ, ಎರಡು ದಿನದಲ್ಲಿ ಮುಗಿಸಿ. ಬಿಸಿ ಮಾಡುವಾಗ ಒಂದು ತುಂಡಿಗೆ ಎರಡು ಚಮಚ ಹಾಲು ಚಿಮುಕಿಸಿ ಮುಚ್ಚಿಡಿ, ರಾತ್ರಿಯಿಡೀ ಪಾಸ್ತಾ ನೀರು ಕುಡಿಯುತ್ತಲೇ ಇರುತ್ತದೆ.