ಶತಪದಿಯ ತೊಟ್ಟಿಗೆ ಬಿಸಿ: ಅಡಿಯಿಂದ ಬೇಡ, ಪಕ್ಕದಿಂದ ಕೊಡಿ

ಸಾಕಿದ ಶತಪದಿ, ಅಂದರೆ ಜರಿ, ಸತ್ತುಹೋಯಿತೆಂದು ಗೋಳಾಡುವವರ ಮನೆಯಲ್ಲಿ ನಾನು ಮೊದಲು ನೋಡುವುದು ಗಾಜಿನ ತೊಟ್ಟಿಯ ಅಡಿಯನ್ನು. ಹೀಟ್ ಮ್ಯಾಟ್, ಅಂದರೆ ಕರೆಂಟಿನಿಂದ ಬಿಸಿಯಾಗುವ ತೆಳು ಹಾಳೆ, ಸಾಮಾನ್ಯವಾಗಿ ಅಲ್ಲೇ ಇರುತ್ತದೆ.

ವಿಯೆಟ್ನಾಂ ದೈತ್ಯ ಶತಪದಿಯಂಥ ಉಷ್ಣವಲಯದ ಜಾತಿಗಳಿಗೆ 24ರಿಂದ 28 ಡಿಗ್ರಿ ಸೆಲ್ಸಿಯಸ್ ಸಾಕು. ಬೆಂಗಳೂರಿನವರು ಮ್ಯಾಟಿನ ಖರ್ಚಿಗೆ ಇಳಿಯಲೇಬೇಡಿ. ಇದು ಲಂಡನ್, ಟೊರಾಂಟೊದಂಥ ಚಳಿಯೂರುಗಳಲ್ಲಿ ಜರಿ ಸಾಕುವವರಿಗೆ.

ಮೊದಲು ಮ್ಯಾಟಿನ ಜಾಗ. ಬಿಸಿ ಹೆಚ್ಚಾದಾಗ ಶತಪದಿ ತಂಪು ಹುಡುಕುತ್ತಾ ಮಣ್ಣಿನ ಆಳಕ್ಕೆ ಇಳಿಯುತ್ತದೆ. ಮ್ಯಾಟ್ ಅಡಿಯಲ್ಲೇ ಇದ್ದರೆ ಇಳಿದಷ್ಟೂ ಸುಡುತ್ತದೆ, ತಳದ ತೇವವೂ ಆರುತ್ತದೆ. ಮೈಯಿಂದ ಬಹುಬೇಗ ನೀರು ಕಳೆದುಕೊಳ್ಳುವ ಪ್ರಾಣಿಗೆ ಅಷ್ಟು ಸಾಕು, ಒಣಗಿ ಸಾಯುತ್ತದೆ. ಆದ್ದರಿಂದ ಮ್ಯಾಟನ್ನು ಪಕ್ಕದ ಗಾಜಿಗೆ, ಹೊರಗಡೆಯಿಂದ, ಒಳಗೆ ಮಣ್ಣಾಗಿ ಹಾಸಿದ ಕೊಕೊಪೀಟ್ (ತೆಂಗಿನ ನಾರಿನ ಪುಡಿ) ಮಟ್ಟಕ್ಕಿಂತ ಮೇಲೆ ಅಂಟಿಸಿ. ಎದುರು ತುದಿ ತಂಪಾಗಿಯೇ ಇರಲಿ.

ಬಿಸಿ ನೋಡಿಕೊಂಡು ಮ್ಯಾಟನ್ನು ಆರಿಸುವ, ಹೊತ್ತಿಸುವ ಥರ್ಮೊಸ್ಟಾಟ್ ಕಡ್ಡಾಯ. ಮ್ಯಾಟ್ ತಾನಾಗಿಯೇ ಬಿಸಿ ಹತೋಟಿಯಲ್ಲಿಡುತ್ತದೆ ಎಂದು ಅಂಗಡಿಯವನು ಹೇಳಿದರೆ ನಂಬಬೇಡಿ. ಥರ್ಮೊಸ್ಟಾಟ್ ತಂದವರೂ ಎಡವುವುದು ಅದರ ಪ್ರೋಬ್, ಅಂದರೆ ತಂತಿಯ ತುದಿಯಲ್ಲಿ ಬಿಸಿ ಅಳೆಯುವ ಭಾಗ, ಇಡುವಾಗ. ತೊಟ್ಟಿಯೊಳಗೆ ಇಟ್ಟರೆ ಶತಪದಿ ಅದನ್ನು ಮಣ್ಣಿನಲ್ಲಿ ಹೂತುಬಿಡಬಹುದು; ತಂತಿಗೆಂದು ಬಿಟ್ಟ ಸಂದಿಯಲ್ಲಿ ತಾನೇ ನುಸುಳಿ ಹೊರಬೀಳಲೂಬಹುದು. ಹೊರಗೆ, ಮ್ಯಾಟಿಗೂ ಗಾಜಿಗೂ ನಡುವೆ ಇಟ್ಟು ಬಿಗಿಯಾಗಿ ಟೇಪ್ ಹಾಕಿ. ಅದು ಜಾರಿ ಕೋಣೆಯ ತಣ್ಣನೆ ಗಾಳಿಯಲ್ಲಿ ನೇತಾಡಿದರೆ, ತೊಟ್ಟಿಯೇ ತಣ್ಣಗಾಗಿದೆ ಎಂದುಕೊಂಡು ಥರ್ಮೊಸ್ಟಾಟ್ ರಾತ್ರಿಯಿಡೀ ಮ್ಯಾಟ್ ಉರಿಸುತ್ತದೆ. ವಾರಕ್ಕೊಮ್ಮೆ ಟೇಪ್ ಎಳೆದು ನೋಡಿ.

ಪ್ರೋಬ್ ಹೀಗಿಟ್ಟಾಗ ಥರ್ಮೊಸ್ಟಾಟಿನ ಅಂಕಿ ಮ್ಯಾಟಿನ ಬಿಸಿಯನ್ನು ಹೇಳುತ್ತದೆಯೇ ಹೊರತು ಒಳಗಿನದನ್ನಲ್ಲ. ಹಾಗಾಗಿ ತಂತಿಯಿಲ್ಲದ ಡಿಜಿಟಲ್ ಥರ್ಮಾಮೀಟರ್ ಒಂದನ್ನು ಒಳಗೆ, ಬೆಚ್ಚಗಿನ ತುದಿಯಲ್ಲಿ ಇಡಿ. ಥರ್ಮೊಸ್ಟಾಟನ್ನು 28ಕ್ಕೆ ನಿಲ್ಲಿಸಿ, ಒಳಗಿನ ಅಂಕಿ ನೋಡಿಕೊಂಡು ಒಂದೊಂದೇ ಡಿಗ್ರಿ ಏರಿಸಿ ಇಳಿಸಿ. ಗಾಜಿಗೆ ಅಂಟಿಸುವ ಮುಳ್ಳಿನ ಥರ್ಮಾಮೀಟರ್ ದುಡ್ಡು ದಂಡ. ತೊಟ್ಟಿಯೊಳಗೆ ಇಡುವ ಕರೆಂಟಿನ ಬಿಸಿ ಕಲ್ಲಿನ ತಂಟೆಗಂತೂ ಹೋಗಲೇಬೇಡಿ. ಬಲ್ಬೂ ಬೇಡ: ಗಾಳಿ ಒಣಗಿಸುತ್ತದೆ, ಕತ್ತಲೆಯ ಪ್ರಾಣಿಯನ್ನು ಕಂಗೆಡಿಸುತ್ತದೆ.

ಖಾಲಿ ತೊಟ್ಟಿಯನ್ನು ಒಂದು ಹಗಲು, ಒಂದು ರಾತ್ರಿ ಹೀಗೆಯೇ ಓಡಿಸಿ. ಆಮೇಲೆ ಉದ್ದನೆಯ ಇಕ್ಕಳ ಹಿಡಿದು ಶತಪದಿಯನ್ನು ಬಿಡಿ. ಕೈ ಹಾಕಬೇಡಿ, ಕಡಿತ ವಿಪರೀತ ನೋಯುತ್ತದೆ.

ಮ್ಯಾಟಿನ ಬದಿ ಬೇಗ ಆರುವುದರಿಂದ ತಂಪಿನ ಮೂಲೆಯಲ್ಲಿ ಆಗಾಗ ನೀರು ಸುರಿದು ತಳಕ್ಕೆ ಇಳಿಯಲು ಬಿಡಿ. ಕುಡಿಯಲು ತಗ್ಗು ಬಟ್ಟಲೂ ಇರಲಿ. ಐದಾರು ತೊಟ್ಟಿ ಇರುವವರು ಮ್ಯಾಟಿನ ಗೋಜಿಗೇ ಹೋಗದೆ ಚಿಕ್ಕ ಕೋಣೆಯೊಂದನ್ನೇ 24 ಡಿಗ್ರಿಯಲ್ಲಿ ಬೆಚ್ಚಗಿಡುವುದು ಒಳ್ಳೆಯದು.