ಮಸಾಲೆ ಒರೆಸಿ ಹಾಕಿ ಅಂದರೆ ಬೈಯಬೇಡಿ

ರಾತ್ರಿಯೆಲ್ಲ ಮಸಾಲೆಯಲ್ಲಿ ನೆನೆದ ಕುರಿಮಾಂಸದ ಚಾಪ್ಸನ್ನು ಕಾವಲಿಗೆ ಹಾಕುವ ಮುಂಚೆ ಮೇಲಿನ ಮಸಾಲೆಯನ್ನೆಲ್ಲ ಕೆರೆದು, ಪೇಪರಿನಿಂದ ಒರೆಸಿಬಿಡು ಅಂದೆ. ನನ್ನ ಸೊಸೆ ನನಗೆ ಅರಳುಮರಳು ಹಿಡಿಯಿತೇನೋ ಅನ್ನುವ ಹಾಗೆ ನೋಡಿದಳು. ಅವಳ ತಪ್ಪಿಲ್ಲ. ಮಸಾಲೆ ಹಚ್ಚುವುದು ಒಳಗೆ ಇಳಿಯಲಿ ಅಂತ, ಹೊರಗೆ ದಪ್ಪಗೆ ಮೆತ್ತಿಕೊಂಡಿದ್ದಷ್ಟೂ ರುಚಿ ಹೆಚ್ಚು ಅಂತ ನಾನೂ ಬಹಳ ವರ್ಷ ನಂಬಿದ್ದೆ. ಆ ನಂಬಿಕೆಯಲ್ಲೇ ಎಷ್ಟೋ ಸಲ ಹೊರಗೆ ಕರಕಲು, ಒಳಗೆ ಬೂದುಬಣ್ಣದ ಬೇಯಿಸಿದ ಮಾಂಸ ಮಾಡಿಟ್ಟು, ಮನೆಯವರು ಸುಮ್ಮನೆ ತಿಂದು ಎದ್ದಿದ್ದಾರೆ.

ಒರೆಸುವ ಮಾತಿಗೆ ಆಮೇಲೆ ಬರುತ್ತೇನೆ. ಮೊದಲು ತುಂಡು ಯಾವುದು ಅಂತ ನೋಡಿಕೊಳ್ಳಿ. ಚಾಪ್ಸ್ ಅಂದರೆ ಎಲ್ಲವೂ ಒಂದೇ ಅಲ್ಲ. ಪಕ್ಕೆಲುಬಿನ ತುಂಡಿಗೆ ಉದ್ದನೆಯ ಒಂದು ಮೂಳೆ, ಅದರ ತುದಿಗೆ ಮೆತ್ತನೆಯ ಮಾಂಸದ ಉಂಡೆ. ಸೊಂಟದ ಕಡೆಯ ತುಂಡಿನಲ್ಲಿ ಮೂಳೆಯ ಎರಡೂ ಬದಿಗೆ ಮಾಂಸ. ಇವೆರಡೂ ಪ್ರಾಣಿ ಹೆಚ್ಚು ದುಡಿಸಿಕೊಳ್ಳದ ಜಾಗದವು, ನಾರು ಕಡಿಮೆ. ಜೋರು ಶಾಖದಲ್ಲಿ ಬೇಗ ಮುಗಿಸಬೇಕು. ಗಂಟೆಗಟ್ಟಲೆ ಬೇಯಿಸಿದರೆ ಮೆತ್ತಗಾಗುವುದಿಲ್ಲ, ಒಣಗುತ್ತವೆ ಅಷ್ಟೆ. ಭುಜದ ತುಂಡು ಬೇರೆಯೇ ಜಾತಿ. ಅದರ ತುಂಬ ನಾರು, ಪೊರೆ. ಅದಕ್ಕೆ ಸಣ್ಣ ಉರಿ, ಮುಚ್ಚಳ, ಸ್ವಲ್ಪ ನೀರು, ಒಂದೂವರೆ ಗಂಟೆಯ ತಾಳ್ಮೆ ಬೇಕು. ಆಗ ಆ ನಾರು ಕರಗಿ ರಸಕ್ಕೆ ಅಂಟಂಟು ಬರುತ್ತದೆ. ವರ್ಷದೊಳಗಿನ ಮರಿಯ ಮಾಂಸವೇ ಆದರೆ ಬಣ್ಣ ತೆಳು, ಕೊಬ್ಬು ಬೆಳ್ಳಗಿರುತ್ತದೆ. ಕಡುಗೆಂಪಾಗಿ, ನಾರು ದಪ್ಪಗೆ ಕಾಣುತ್ತಿದ್ದರೆ ಅದು ಬಲಿತದ್ದು. ಅದನ್ನೂ ಭುಜದ ತುಂಡಿನ ಹಾಗೆಯೇ ನಡೆಸಿಕೊಳ್ಳಿ.

ದಪ್ಪಗೆ ಕತ್ತರಿಸಿ ಕೊಡಲು ಕೇಳಿ. ಒಂದು ಇಂಚಿಗಿಂತ ತೆಳ್ಳಗೆ ಬೇಡ, ಒಂದೂಕಾಲು ಇಂಚಿದ್ದರೆ ಇನ್ನೂ ಒಳ್ಳೆಯದು. ತೆಳ್ಳಗಿನ ತುಂಡು ಹೊರಗೆ ಬಣ್ಣ ಬರುವಷ್ಟರಲ್ಲಿ ಒಳಗೆ ಅತಿಯಾಗಿ ಬೆಂದು ಹೋಗಿರುತ್ತದೆ. ಆಮೇಲೆ ಯಾವ ಮಸಾಲೆಯೂ ಅದನ್ನು ಉಳಿಸುವುದಿಲ್ಲ.

ತಂದ ಮಾಂಸವನ್ನು ನಲ್ಲಿಯ ಕೆಳಗೆ ಹಿಡಿದು ತೊಳೆಯಬೇಡಿ. ಹಸಿ ಮಾಂಸದ ನೀರು ಸಿಂಕಿನ ಸುತ್ತ, ತೊಳೆದಿಟ್ಟ ಲೋಟ ತಟ್ಟೆಗಳ ಮೇಲೆ, ನಿಮ್ಮ ಕೈಮೇಲೆ, ಕಣ್ಣಿಗೆ ಕಾಣದಂತೆ ಸಿಡಿಯುತ್ತದೆ. ಅದರೊಳಗಿನ ಕ್ರಿಮಿಗಳನ್ನು ಕೊಲ್ಲುವುದು ಬೆಂಕಿಯೇ ಹೊರತು ನೀರಲ್ಲ. ಗರಗಸದ ಮೂಳೆ ಪುಡಿ ಅಂಟಿದ್ದರೆ ಒದ್ದೆ ಪೇಪರಿನಿಂದ ಒರೆಸಿದರೆ ಸಾಕು. ತೊಳೆಯದೆ ಮನಸ್ಸು ಒಪ್ಪುವುದೇ ಇಲ್ಲ ಅನ್ನುವವರು ಪಾತ್ರೆಯಲ್ಲಿ ನೀರಿಟ್ಟು ಮೆಲ್ಲಗೆ ಅದ್ದಿ ತೆಗೆದು, ಸಿಂಕು, ಕೈ ಎರಡನ್ನೂ ಸೋಪು ಹಾಕಿ ತೊಳೆಯಿರಿ. ನಾನು ಜಗಳಕ್ಕೆ ಬರುವುದಿಲ್ಲ. ಆದರೆ ಆಮೇಲೆ ಮಾಂಸವನ್ನು ಚೆನ್ನಾಗಿ ಒಣಗಿಸಿ.

ಅಂಚಿನ ಕೊಬ್ಬನ್ನು ಪೂರ್ತಿ ತೆಗೆಯಬೇಡಿ. ಕಾಲು ಇಂಚಿನಷ್ಟು ಬಿಟ್ಟು ಉಳಿದದ್ದನ್ನು ಕತ್ತರಿಸಿ. ಅದರ ಮೇಲೆ ಕಾಗದದಂಥ ಒಂದು ಪೊರೆ ಇದ್ದರೆ ಉಗುರಿನಿಂದ ಎಬ್ಬಿಸಿ ಎಳೆದುಬಿಡಿ. ಉಳಿದ ಕೊಬ್ಬಿಗೆ ಅಲ್ಲಲ್ಲಿ, ಒಂದೊಂದು ಇಂಚಿಗೆ, ಚಾಕುವಿನಿಂದ ಗೀರು ಹಾಕಿ. ಇಲ್ಲದಿದ್ದರೆ ಶಾಖ ತಾಗಿದ ಕೂಡಲೇ ಅಂಚು ಸೆಳೆದುಕೊಂಡು ತುಂಡು ಬಟ್ಟಲಿನ ಹಾಗೆ ಮಡಚಿಕೊಳ್ಳುತ್ತದೆ, ನಡುಭಾಗ ಕಾವಲಿಗೆ ತಾಗುವುದೇ ಇಲ್ಲ.

ಈಗ ಉಪ್ಪು. ಮಾಂಸದ ಒಳಕ್ಕೆ ನಿಜವಾಗಿ ಇಳಿಯುವುದು ಮುಖ್ಯವಾಗಿ ಇದೊಂದೇ. ಬೆಳ್ಳುಳ್ಳಿ, ಖಾರದ ಪುಡಿ, ಅರಿಶಿನ ಎಲ್ಲ ಎಷ್ಟು ಹೊತ್ತು ಇಟ್ಟರೂ ಮೇಲಿನ ಕೆಲವು ಮಿಲಿಮೀಟರ್ ದಾಟುವುದಿಲ್ಲ. ಅನುಮಾನವಿದ್ದರೆ ಅರಿಶಿನ ಹಚ್ಚಿ ಒಂದು ರಾತ್ರಿ ಇಟ್ಟ ತುಂಡನ್ನು ಅಡ್ಡಕ್ಕೆ ಕತ್ತರಿಸಿ ನೋಡಿ, ಹಳದಿ ಗೆರೆ ಎಲ್ಲಿಗೆ ನಿಂತಿದೆ ಅಂತ ಕಣ್ಣಿಗೇ ಕಾಣುತ್ತದೆ. ಅದಕ್ಕೇ ನಾನು ಉಪ್ಪನ್ನು ಮಸಾಲೆಯ ಜೊತೆ ಕಲಸುವುದಿಲ್ಲ, ಮೊದಲೇ ನೇರವಾಗಿ ಮಾಂಸಕ್ಕೆ ಉಜ್ಜುತ್ತೇನೆ. ಮೂಳೆಸಹಿತ ಒಂದು ಕಿಲೋಗೆ ಒಂದೂವರೆ ಟೀ ಚಮಚ ಪುಡಿ ಉಪ್ಪು. ಹತ್ತು ನಿಮಿಷದಲ್ಲಿ ಮಾಂಸ ಬೆವರಿದ ಹಾಗೆ ನೀರು ಬಿಡುತ್ತದೆ. ಗಾಬರಿಯಾಗಿ ಅದನ್ನು ಚೆಲ್ಲಬೇಡಿ. ಮುಕ್ಕಾಲು ಗಂಟೆ ಬಿಟ್ಟರೆ ಬಹುಪಾಲು ತಾನೇ ಒಳಗೆ ಎಳೆದುಕೊಳ್ಳುತ್ತದೆ, ಉಪ್ಪೂ ಅದರ ಜೊತೆ ಹೋಗುತ್ತದೆ.

ಆಮೇಲೆ ಮಸಾಲೆ. ಒಂದು ಕಿಲೋಗೆ ಅರ್ಧ ಲೋಟ ಗಟ್ಟಿ ಮೊಸರು, ಒಂದು ದೊಡ್ಡ ಚಮಚ ಶುಂಠಿ ಬೆಳ್ಳುಳ್ಳಿ, ಎರಡು ಚಮಚ ಎಣ್ಣೆ, ಕುಟ್ಟಿದ ಮೆಣಸು, ನಿಮಗೆ ಬೇಕಾದಷ್ಟು ಖಾರದ ಪುಡಿ, ಧನಿಯಾ. ನೀರು ಮೊಸರಾಗಿದ್ದರೆ ಬಟ್ಟೆಯಲ್ಲಿ ಕಟ್ಟಿ ಒಂದು ಗಂಟೆ ತೂಗುಹಾಕಿ. ಎಣ್ಣೆ ಹಾಕುವುದಕ್ಕೆ ಕಾರಣವಿದೆ. ಮಸಾಲೆಯ ಬಹಳಷ್ಟು ಪರಿಮಳ ನೀರಿಗಿಂತ ಎಣ್ಣೆಯಲ್ಲಿ ಚೆನ್ನಾಗಿ ಕರಗುತ್ತದೆ. ಸಕ್ಕರೆ, ಜೇನು ಹಾಕುವವರಿದ್ದಾರೆ; ಹಾಕುವುದಾದರೆ ಬೆಂದ ಮೇಲೆ ಕೊನೆಯ ನಿಮಿಷಕ್ಕೆ ಸವರಿ, ಮುಂಚೆ ಹಾಕಿದರೆ ಮಾಂಸಕ್ಕಿಂತ ಮೊದಲು ಅದೇ ಸೀದು ಕಹಿಯಾಗುತ್ತದೆ.

ಎಷ್ಟು ಹೊತ್ತು ನೆನೆಸಬೇಕು ಅನ್ನುವುದು ಹುಳಿಯನ್ನು ನೋಡಿ ಹೇಳಬೇಕಾದ ಮಾತು. ಮೊಸರಿನ ಹುಳಿ ಸೌಮ್ಯ, ನಾಲ್ಕು ಗಂಟೆಯಿಂದ ಒಂದು ರಾತ್ರಿಯವರೆಗೆ ಇರಬಹುದು. ನಿಂಬೆರಸ, ವಿನೆಗರ್ ಆದರೆ ಒಂದೆರಡು ಗಂಟೆ ಸಾಕು. ಹೆಚ್ಚಾದರೆ ಮೇಲ್ಭಾಗ ಬೆಂದ ಹಾಗೆ ಬಿಳುಚಿಕೊಂಡು, ಬಾಯಲ್ಲಿ ಹಿಟ್ಟು ಹಿಟ್ಟಾಗುತ್ತದೆ. ಪರಂಗಿಕಾಯಿಯ ವಿಷಯ ಕೇಳಲೇಬೇಡಿ. ಒಮ್ಮೆ ನಾಳೆ ನೆಂಟರು ಬರುತ್ತಾರೆ, ಮಾಂಸ ಬೆಣ್ಣೆಯ ಹಾಗಿರಲಿ ಅಂತ ಹಸಿ ಪರಂಗಿಕಾಯಿ ಅರೆದು ಎರಡು ಹಿಡಿ ಹಚ್ಚಿ ಮಲಗಿದೆ. ಬೆಳಿಗ್ಗೆ ನೋಡಿದರೆ ಚೆನ್ನಾಗಿಯೇ ಇತ್ತು. ಒಲೆಗೆ ಹಾಕಿದ ಮೇಲೆ ತಿರುಗಿಸಲು ಹೋದರೆ ಮೂಳೆ ನನ್ನ ಇಕ್ಕಳದಲ್ಲಿ, ಮಾಂಸ ಕಾವಲಿಯಲ್ಲಿ ಗಂಜಿ! ಆಮೇಲೆ ತಿಳಿಯಿತು, ಪರಂಗಿಯೊಳಗಿನ ಪಪೈನ್ ಅನ್ನುವ ಕಿಣ್ವ ತಣ್ಣಗಿರುವಾಗ ನಿಧಾನ. 50ರಿಂದ 70 ಡಿಗ್ರಿ ಬಿಸಿಗೆ ಬಂದಾಗಲೇ ಅದಕ್ಕೆ ಹುರುಪು. ಅಂದರೆ ಒಲೆಯ ಮೇಲೆಯೇ ಅದು ಮಾಂಸವನ್ನು ಜೋರಾಗಿ ಕಡಿಯುತ್ತಿತ್ತು. ಹಾಕಲೇಬೇಕಿದ್ದರೆ ಕಿಲೋಗೆ ಒಂದು ಟೀ ಚಮಚ, ಅರ್ಧ ಗಂಟೆ. ಅನಾನಸು, ಹಸಿ ಶುಂಠಿಯಲ್ಲೂ ಇಂಥದೇ ಕಿಣ್ವಗಳಿವೆ, ಹಾಗಾಗಿ ಶುಂಠಿಯನ್ನೂ ಕೈ ಬಿಗಿಹಿಡಿದೇ ಹಾಕಿ. ನಿಜ ಹೇಳಬೇಕೆಂದರೆ ಎಳೆಯ ಪಕ್ಕೆಲುಬಿನ ತುಂಡಿಗೆ ಇದಾವುದೂ ಬೇಕಿಲ್ಲ. ಅದು ಹುಟ್ಟಿನಿಂದಲೇ ಮೆತ್ತಗಿದೆ.

ನೆನೆಸುವುದು ಫ್ರಿಜ್ಜಿನಲ್ಲೇ, ಕೆಳಗಿನ ಅರೆಯಲ್ಲಿ, ಮುಚ್ಚಿಟ್ಟು. ಮೇಲಿಟ್ಟರೆ ಹಸಿ ಮಾಂಸದ ನೀರು ಸೋರಿ ಹಣ್ಣು ತರಕಾರಿಗೆ ಬೀಳುತ್ತದೆ. ಪಾತ್ರೆ ಸ್ಟೀಲು, ಗಾಜು, ಪಿಂಗಾಣಿ ಯಾವುದಾದರೂ ಸರಿ. ಅಲ್ಯೂಮಿನಿಯಂ ಬೇಡ, ಹುಳಿ ತಾಗಿ ಲೋಹದ ರುಚಿ ಬಿಡುತ್ತದೆ.

ಇನ್ನು ಒರೆಸುವ ಮಾತು. ಒಲೆ ಹಚ್ಚುವ ಅರ್ಧ ಗಂಟೆ ಮುಂಚೆ ಹೊರಗೆ ತೆಗೆದು, ಬೆರಳಿನಿಂದ ಮಸಾಲೆಯನ್ನು ಒಂದು ಬಟ್ಟಲಿಗೆ ಕೆರೆದುಕೊಳ್ಳಿ, ಉಳಿದ ತೇವವನ್ನು ಪೇಪರಿನಿಂದ ಒತ್ತಿ ತೆಗೆಯಿರಿ. ಮೇಲೆ ಬಣ್ಣದ ಲೇಪದಷ್ಟು ಮಾತ್ರ ಉಳಿಯಬೇಕು. ಯಾಕೆಂದರೆ ಹುರಿದ ಮಾಂಸಕ್ಕೆ ಆ ಘಮ, ಕಂದು ಬಣ್ಣ ಬರುವುದು ಮೇಲ್ಮೈ ಸುಮಾರು 140 ಡಿಗ್ರಿ ದಾಟಿದಾಗ. ನೀರಿರುವವರೆಗೆ ಶಾಖ 100 ಡಿಗ್ರಿಯ ಹತ್ತಿರವೇ ಕಟ್ಟಿಹಾಕಿದಂತೆ ನಿಂತಿರುತ್ತದೆ. ಮೊಸರು ಮೆತ್ತಿದ ತುಂಡು ಕಾವಲಿಯಲ್ಲಿ ಮೊದಲ ನಾಲ್ಕೈದು ನಿಮಿಷ ಹುರಿಯುವುದೇ ಇಲ್ಲ, ಕುದಿಯುತ್ತದೆ. ನೀರು ಆರುವ ಹೊತ್ತಿಗೆ ಮಾಂಸ ಬೆಂದಿರುತ್ತದೆ, ಆಮೇಲೆ ಬೆಳ್ಳುಳ್ಳಿಯೂ ಮೊಸರಿನ ಗಟ್ಟಿಯೂ ಸೀಯುತ್ತವೆ. ಮಸಾಲೆ ಹೋಯಿತಲ್ಲ ಅಂತ ಸಂಕಟಪಡಬೇಡಿ, ಅಂಟಬೇಕಾದ್ದು ಅಂಟಿಯಾಗಿದೆ. ಬಟ್ಟಲಿನಲ್ಲಿರುವುದಕ್ಕೂ ಕೆಲಸವಿದೆ, ಹೇಳುತ್ತೇನೆ.

ದಪ್ಪ ತಳದ ಕಬ್ಬಿಣದ ಕಾವಲಿ ಇದಕ್ಕೆ ರಾಜ. ನಾನ್‌ಸ್ಟಿಕ್ ಬೇಡ, ಅದರ ಲೇಪ ಇಂಥ ಜೋರು ಶಾಖಕ್ಕೆ ಆಗುವುದಿಲ್ಲ. ಕಿಟಕಿ ತೆರೆದು, ಕಾವಲಿ ಮಧ್ಯಮ ಉರಿಯಲ್ಲಿ ಕಾದ ಮೇಲೆ ಎಣ್ಣೆ ಸವರಿ, ತುಂಡುಗಳನ್ನು ಮಲಗಿಸುವ ಬದಲು ಕೊಬ್ಬಿನ ಅಂಚು ಕೆಳಗೆ ಬರುವಂತೆ ಒಂದಕ್ಕೊಂದು ಒರಗಿಸಿ ನಿಲ್ಲಿಸಿ. ಬೀಳುವ ಹಾಗಿದ್ದರೆ ಇಕ್ಕಳದಲ್ಲಿ ಹಿಡಿದುಕೊಳ್ಳಿ. ಮೂರು ನಾಲ್ಕು ನಿಮಿಷದಲ್ಲಿ ಕೊಬ್ಬು ಕರಗಿ ಹೊಂಬಣ್ಣಕ್ಕೆ ಬರುತ್ತದೆ. ಈಗ ಉರಿ ಜೋರು ಮಾಡಿ, ಅದೇ ಕೊಬ್ಬಿನಲ್ಲಿ ಮಲಗಿಸಿ. ಒಂದು ಸಲಕ್ಕೆ ನಾಲ್ಕೇ ತುಂಡು, ನಡುವೆ ಜಾಗ ಬಿಟ್ಟು. ಕಿಕ್ಕಿರಿದರೆ ಶಾಖ ಇಳಿದು ಮತ್ತೆ ನೀರು ಬಿಡುತ್ತವೆ. ಮಲಗಿಸಿದ ಮೇಲೆ ಕೈ ಕಟ್ಟಿ ನಿಲ್ಲಿ. ಎತ್ತಿ ನೋಡುವುದು, ಸೌಟಿನಿಂದ ಒತ್ತುವುದು, ಜರುಗಿಸುವುದು ಬೇಡ. ಬಣ್ಣ ಬಂದ ಮೇಲೆ ತಾನೇ ಕಾವಲಿ ಬಿಡುತ್ತದೆ, ಅಂಟಿಕೊಂಡಿದ್ದರೆ ಇನ್ನೂ ಸಮಯ ಬಂದಿಲ್ಲ ಅಂತ. ಇಂಚು ದಪ್ಪದ್ದಕ್ಕೆ ಒಂದೊಂದು ಬದಿಗೆ ಸುಮಾರು ಮೂರು ನಿಮಿಷ.

ಬೆಂದಿತೋ ಇಲ್ಲವೋ ಅನ್ನುವುದಕ್ಕೆ ನಾನು ಈಗ ಥರ್ಮಾಮೀಟರ್ ಚುಚ್ಚುತ್ತೇನೆ. ಇಷ್ಟು ವರ್ಷ ಅಡುಗೆ ಮಾಡಿದವಳಿಗೆ ಅದೇಕೆ ಅಂತ ಮೊಮ್ಮಗ ನಕ್ಕ, ನಗಲಿ. ಬಣ್ಣ ನಂಬಿ ಮೋಸ ಹೋಗುವುದಕ್ಕಿಂತ ಅದು ವಾಸಿ. ಪಕ್ಕದಿಂದ, ದಪ್ಪ ಭಾಗಕ್ಕೆ, ಮೂಳೆಗೆ ತಾಗದಂತೆ ಚುಚ್ಚಿ. ಮೂಳೆ ತಾಗಿದರೆ ಲೆಕ್ಕ ತಪ್ಪುತ್ತದೆ. 63 ಡಿಗ್ರಿ ಬಂದು, ಕೆಳಗಿಳಿಸಿ ಮೂರು ನಿಮಿಷ ಬಿಟ್ಟರೆ ತಿನ್ನಲು ಸುರಕ್ಷಿತ, ಒಳಗೆ ತುಸು ಗುಲಾಬಿ ಇರುತ್ತದೆ. ಗುಲಾಬಿ ಕಂಡರೆ ಮುಖ ಸಿಂಡರಿಸುವವರಿಗೆ 70ರವರೆಗೆ ಬಿಡಿ. ಅದರ ಮೇಲೆ ಹೋದರೆ ಚಪ್ಪಲಿ. ಥರ್ಮಾಮೀಟರ್ ಇಲ್ಲದವರು ಒಂದು ತುಂಡನ್ನು ಬಲಿ ಕೊಟ್ಟು, ಮೂಳೆಯ ಹತ್ತಿರ ಕತ್ತರಿಸಿ ನೋಡಿ. ಅಲ್ಲಿಯೇ ಕೊನೆಗೆ ಬೇಯುವುದು.

ಓವನ್ನಿನಲ್ಲಿ ಮಾಡುವವರು 220 ಡಿಗ್ರಿಗೆ ಕಾಯಿಸಿ, ತಂತಿ ಜಾಲರಿಯ ಮೇಲಿಟ್ಟು, ಕೆಳಗಿನ ತಟ್ಟೆಗೆ ಸ್ವಲ್ಪ ನೀರು ಹಾಕಿ. ಇಲ್ಲದಿದ್ದರೆ ತೊಟ್ಟಿಕ್ಕಿದ ಕೊಬ್ಬು ಮನೆಯೆಲ್ಲ ಹೊಗೆ ಮಾಡುತ್ತದೆ. ಹತ್ತು ನಿಮಿಷ ಆದ ಮೇಲೆ ಚುಚ್ಚಿ ನೋಡುತ್ತಿರಿ. ಇದ್ದಿಲ ಮೇಲಾದರೆ ಕೊಬ್ಬು ಬಿದ್ದು ಜ್ವಾಲೆ ಏಳುತ್ತದೆ, ಆಗ ತುಂಡನ್ನು ಪಕ್ಕಕ್ಕೆ ಸರಿಸಿ. ನೀರು ಚಿಮುಕಿಸಬೇಡಿ, ಬೂದಿ ಹಾರುತ್ತದೆ.

ಇಳಿಸಿದ ಚಾಪ್ಸನ್ನು ಜಾಲರಿಯ ಮೇಲೆ ಐದು ನಿಮಿಷ ಬಿಡಿ, ಆ ಹೊತ್ತಿನಲ್ಲಿ ಒಳಶಾಖ ಇನ್ನೂ ಎರಡು ಮೂರು ಡಿಗ್ರಿ ಏರುತ್ತದೆ. ಅಷ್ಟರಲ್ಲಿ ಬಟ್ಟಲಿನ ಮಸಾಲೆಗೆ ಕಾಲು ಚಮಚ ಕಾರ್ನ್‌ಫ್ಲೋರ್, ಅರ್ಧ ಲೋಟ ನೀರು ಕದಡಿ. ಹಿಟ್ಟು ಹಾಕಿದರೆ ಮೊಸರು ಒಡೆಯುವುದು ಕಡಿಮೆ. ಕಾವಲಿಯ ಹೆಚ್ಚಿನ ಕೊಬ್ಬು ಬಸಿದು, ತಳಕ್ಕೆ ಹಿಡಿದ ಕಂದು ಪದರವನ್ನು ಕೆರೆಯುತ್ತ ಇದನ್ನು ಸುರಿದು, ಚೆನ್ನಾಗಿ ನಾಲ್ಕೈದು ನಿಮಿಷ ಕುದಿಸಿ. ಹಸಿ ಮಾಂಸ ಮುಳುಗಿದ್ದ ಮಸಾಲೆ, ಕುದಿಸದೆ ಬಾಯಿಗಿಡಬಾರದು. ಒಡೆಯಿತು ಅಂದರೂ ರುಚಿಗೇನೂ ಮೋಸವಿಲ್ಲ. ಸೊಸೆಯ ಮುಖ ಅರಳಿದ್ದು ಈ ರಸ ಕಂಡ ಮೇಲೆ. ನಿಂಬೆ ಹಿಂಡುವುದು ಈಗ, ತಟ್ಟೆಗೆ ಹಾಕಿದ ಮೇಲೆ.

ತಟ್ಟೆಗಳನ್ನು ಬಿಸಿನೀರಿನಲ್ಲಿ ಅದ್ದಿ ಒರೆಸಿ ಇಟ್ಟುಕೊಳ್ಳಿ. ಕುರಿಯ ಕೊಬ್ಬು ಬೇಗ ಹೆಪ್ಪುಗಟ್ಟುತ್ತದೆ, ತಣ್ಣನೆ ತಟ್ಟೆಯಲ್ಲಿ ಎರಡೇ ತುತ್ತಿಗೆ ಅಂಗುಳಿಗೆ ಮೇಣದ ಹಾಗೆ ಹಿಡಿಯುತ್ತದೆ. ಉಳಿದದ್ದನ್ನು ಎರಡು ಗಂಟೆಯೊಳಗೆ ಫ್ರಿಜ್ಜಿಗೆ ಸೇರಿಸಿ, ಮೂರು ದಿನದೊಳಗೆ ಮುಗಿಸಿ. ಮಾರನೆಯ ದಿನ ಮೂಳೆಯಿಂದ ಬಿಡಿಸಿ, ತೆಳ್ಳಗೆ ಹೆಚ್ಚಿ, ಉಳಿದ ರಸದಲ್ಲೇ ಕುದಿ ಬರುವವರೆಗೆ ಬಿಸಿ ಮಾಡಿದರೆ ಒಣಗುವುದಿಲ್ಲ.

ಬಸಿದ ಕೊಬ್ಬನ್ನು ಸಿಂಕಿಗೆ ಮಾತ್ರ ಸುರಿಯಬೇಡಿ. ಬಿಸಿನೀರು ಬಿಟ್ಟರೆ ಹರಿದು ಹೋಗುತ್ತದೆ ಅಂತ ನಾನು ಸುರಿದೆ. ಹರಿದು ಹೋಗಿ ಪೈಪಿನ ಮೊಣಕೈಯಲ್ಲಿ ಕಲ್ಲಾಗಿ ಕೂತಿತ್ತು, ಅಡುಗೆಮನೆಯಲ್ಲಿ ಎರಡು ದಿನ ಬಕೆಟ್ಟಿನಲ್ಲಿ ಪಾತ್ರೆ ತೊಳೆದೆವು. ಈಗ ಒಂದು ಹಳೆಯ ಡಬ್ಬವನ್ನು ಒಲೆಯ ಪಕ್ಕವೇ ಇಟ್ಟಿರುತ್ತೇನೆ.